ಕಳಚಿಡುವ ವೇಷ, ಕಳಚಲಾಗದ ವೇಷ

ಪುಷ್ಪಮಾಲಾ ಎನ್. ಅವರ ಕೃತಿಗಳನ್ನು ನಮ್ಮ ಕಡೆಯಿಂದ ನೋಡುವ ಒಂದು ಪ್ರಯತ್ನ

1

ನಮ್ಮಜ್ಜಿಯದು ಅಂತ ಮನೆಯಲ್ಲಿರುವುದು ಒಂದೇ ಒಂದು ಫೋಟೋ. ಬನ್ನೂರು ಪೇಟೆಯ ಒಂದು ಸ್ಟುಡಿಯೋದಲ್ಲಿ ತೆಗೆಸಿದ್ದು. ಹಿಂದೆ ಬಟ್ಟೆಯ ಮೇಲೆ ಬರೆದ ಕೊಳ, ಕೊಳದಲ್ಲಿ ಎರಡು ಹಂಸ. ಪಕ್ಕದಲ್ಲಿ ಒಂದು ಎತ್ತರದ ಸ್ಟೂಲು, ಅದರ ಮೇಲೆ ಪ್ಲಾಸ್ಟಿಕ್ ಹೂವು. ಅಜ್ಜಿ ಉಟ್ಟಿರುವ ಸೀರೆ ಪಕ್ಕದ ಮನೆಯವರದು. ಕೈಲಿರುವ ವಾಚು ಸ್ಟುಡಿಯೋದವನದು, ಅದು ಓಡುತ್ತಿರಲಿಲ್ಲವಂತೆ. ಜೀವಮಾನವೆಲ್ಲ ಇನ್ನೊಬ್ಬರ ಗದ್ದೆಯಲ್ಲಿ ನಾಟಿ ಹಾಕಿ ಬೆನ್ನು ಬಗ್ಗಿದ್ದ ಹೆಂಗಸು ಆ ಫೋಟೋದಲ್ಲಿ ಮಾತ್ರ ನೆಟ್ಟಗೆ ನಿಂತಿದ್ದಾಳೆ. ಅದನ್ನು ಕೈಗೆ ಕೊಟ್ಟಾಗಲೆಲ್ಲ ಅವಳು ಹೇಳುತ್ತಿದ್ದುದು ಒಂದೇ ಮಾತು: "ಇದು ನಾನಲ್ಲ ಕನ ಮಗ. ಯಾರೋ ದೊಡ್ಡೋರ ಮನೆ ಹೆಂಗ್ಸು ನನ್ ಮೊಕ ಮಡಿಕೊಂಡು ನಿಂತವ್ಳೆ."

ಬಹಳ ವರ್ಷಗಳ ನಂತರ ಪುಷ್ಪಮಾಲಾ ಎನ್. ಅವರ ಫೋಟೋಗಳನ್ನು ನೋಡುತ್ತಿದ್ದಾಗ ಅಜ್ಜಿಯ ಈ ಮಾತು ನೆನಪಿಗೆ ಬಂತು. ಅಲ್ಲೂ ಬರೆದ ಪರದೆ, ಎರವಲು ಬಟ್ಟೆ, ಅಲುಗಾಡದೆ ನಿಂತ ಹೆಂಗಸು. ಆದರೆ ಅಲ್ಲಿ ಲೆಕ್ಕ ತಿರುಗುಮುರುಗಾಗಿದೆ. ನಮ್ಮಜ್ಜಿ ದೊಡ್ಡ ಮನೆಯ ಹೆಂಗಸಿನ ವೇಷ ಹಾಕಿದ್ದಳು. ಪುಷ್ಪಮಾಲಾ ದೇವತೆಯ ವೇಷ, ರಾಣಿಯ ವೇಷ, ಸಿನಿಮಾ ನಟಿಯ ವೇಷದ ಜೊತೆಗೆ ಕಾಡಿನ ಹೆಂಗಸಿನ ವೇಷವನ್ನೂ, ಪೊಲೀಸರು ಹಿಡಿದ ಕಳ್ಳಿಯ ವೇಷವನ್ನೂ ಹಾಕುತ್ತಾರೆ. ಈ ಎರಡು ವೇಷಗಳ ನಡುವಿನ ದೂರ ಎಷ್ಟು? ಅದನ್ನು ಅಳೆಯುವುದು ದಲಿತ ವಿಮರ್ಶೆಯ ಕೆಲಸ ಅಂತ ನನಗನ್ನಿಸುತ್ತದೆ. ನಾವು ಕತೆ, ಕಾವ್ಯ, ಆತ್ಮಕತೆಗಳನ್ನು ಕೈಗೆತ್ತಿಕೊಂಡಷ್ಟು ಚಿತ್ರವನ್ನು, ಫೋಟೋವನ್ನು ಎತ್ತಿಕೊಂಡಿಲ್ಲ. ಗ್ಯಾಲರಿ ನಮ್ಮದಲ್ಲ ಅಂತ ಬಿಟ್ಟುಬಿಟ್ಟೆವು. ಆದರೆ ಅಲ್ಲಿ ತೂಗುಹಾಕಿದ ಚಿತ್ರಗಳಲ್ಲಿ ನಮ್ಮ ಮೈ ಇದೆ.

2

ಮೊದಲು ಈ ಕಲಾವಿದೆ ಮಾಡುವುದು ಏನು ಅಂತ ಸ್ವಲ್ಪ ಬಿಡಿಸಿ ಹೇಳಬೇಕು. ಪುಷ್ಪಮಾಲಾ ಹುಟ್ಟಿದ್ದು 1956ರಲ್ಲಿ, ಬೆಂಗಳೂರಿನಲ್ಲಿ. ಬರೋಡದಲ್ಲಿ ಶಿಲ್ಪಕಲೆ ಓದಿದವರು. ತೊಂಬತ್ತರ ದಶಕದ ನಡುವಿನಲ್ಲಿ ಶಿಲ್ಪದಿಂದ ಕ್ಯಾಮೆರಾದ ಕಡೆಗೆ ಹೊರಳಿದರು. ಹೊರಳಿದ್ದು ಫೋಟೋ ತೆಗೆಯಲಿಕ್ಕಲ್ಲ, ತೆಗೆಸಿಕೊಳ್ಳಲಿಕ್ಕೆ. ಕತೆ ಅವರದೇ, ರಂಗಸಜ್ಜಿಕೆ ಅವರದೇ, ಪಾತ್ರವೂ ಅವರೇ. ಗುಂಡಿ ಒತ್ತುವವರು ಮಾತ್ರ ಬೇರೆ. ಹೀಗೆ ಮಾಡಿದ್ದನ್ನು ಫೋಟೋ ಪರ್ಫಾರ್ಮೆನ್ಸ್ ಅನ್ನುತ್ತಾರೆ. ನಾಟಕವೂ ಹೌದು, ಯಾಕೆಂದರೆ ಒಬ್ಬರು ಇನ್ನೊಬ್ಬರಾಗುತ್ತಾರೆ. ಚಿತ್ರವೂ ಹೌದು, ಯಾಕೆಂದರೆ ಕೊನೆಗೆ ಉಳಿಯುವುದು ಗೋಡೆಯ ಮೇಲಿನ ಒಂದು ಚೌಕಟ್ಟು.

1996ರಿಂದ 98ರವರೆಗೆ ಮಾಡಿದ 'ಫ್ಯಾಂಟಮ್ ಲೇಡಿ' ಈ ದಾರಿಯ ಮೊದಲ ದೊಡ್ಡ ಕೆಲಸ. ಮುಖವಾಡ ತೊಟ್ಟ ಸಾಹಸಿ ಹೆಂಗಸು ಬೊಂಬಾಯಿಯ ರಾತ್ರಿಗಳಲ್ಲಿ ಕಳೆದುಹೋದ ಅವಳಿ ತಂಗಿಯನ್ನು ಹುಡುಕುವ ಕಪ್ಪುಬಿಳುಪಿನ ಫೋಟೋ ಕತೆ ಅದು. 1935ರ 'ಹಂಟರ್‌ವಾಲಿ'ಯಲ್ಲಿ ಚಾವಟಿ ಬೀಸಿದ ನಾಡಿಯಾಳ ನೆರಳು ಅದರ ಮೇಲಿದೆ. ಆಮೇಲೆ ಹಳೆಯ ಸಿನಿಮಾ ಛಾಯಾಗ್ರಾಹಕರೊಬ್ಬರ ಸ್ಟುಡಿಯೋದಲ್ಲೇ ಕೂತು ಮಾಡಿದ 'ಬಾಂಬೆ ಫೋಟೋ ಸ್ಟುಡಿಯೋ' ಬಂತು. 2004ರಲ್ಲಿ 'ರಾಷ್ಟ್ರೀಯ ಖೀರ್ ಮತ್ತು ದೇಶೀಯ ಸಲಾಡ್' ಎಂಬ ಕಿರುಚಿತ್ರ. 2005ರಿಂದ ಶುರುವಾದ 'ಮದರ್ ಇಂಡಿಯಾ' ಸರಣಿಯಲ್ಲಿ ಭಾರತಮಾತೆಯ ಕ್ಯಾಲೆಂಡರ್ ಚಿತ್ರಗಳೊಳಗೆ ತಾವೇ ಹೊಕ್ಕು ನಿಂತರು. ಇಷ್ಟೆಲ್ಲದರಲ್ಲಿ ನಮಗೆ ಮುಖ್ಯವಾದದ್ದು 2000ದಿಂದ 2004ರವರೆಗೆ ಬೆಂಗಳೂರಿನ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಸೇರಿ ಮಾಡಿದ ಸರಣಿ. ಹೆಸರನ್ನು ಕನ್ನಡಕ್ಕೆ ತಂದರೆ 'ದಕ್ಷಿಣ ಭಾರತದ ದೇಶೀ ಹೆಂಗಸರು: ಅವರ ನಡೆನುಡಿ, ಆಚಾರ' ಅಂತಾಗುತ್ತದೆ.

ಈ ಹೆಸರಿನಲ್ಲೇ ಒಂದು ಕುಟುಕು ಇದೆ. ಅದು ಯಾರಿಗೆ ಕುಟುಕುತ್ತದೆ ಅಂತ ತಿಳಿಯಬೇಕಾದರೆ ನಮ್ಮ ಸೀಮೆಯ ಚರಿತ್ರೆಗೇ ಒಂದಿಷ್ಟು ಹಿಂದಕ್ಕೆ ಹೋಗಬೇಕು.

3

1799ರಲ್ಲಿ ಟಿಪ್ಪು ಬಿದ್ದ ಮೇಲೆ ಶ್ರೀರಂಗಪಟ್ಟಣಕ್ಕೆ ಒಬ್ಬ ಫ್ರೆಂಚ್ ಪಾದ್ರಿ ಬಂದ. ಹೆಸರು ಅಬ್ಬೆ ದ್ಯುಬುವಾ. ಬನ್ನೂರಿಗೆ ಶ್ರೀರಂಗಪಟ್ಟಣ ದೂರವೇನಲ್ಲ. ಆತ ದೇಶೀ ಉಡುಪು ತೊಟ್ಟು, ದೇಶೀಯರ ಹಾಗೆಯೇ ಬದುಕಿ, ಜನರ ನಡೆನುಡಿ ಆಚಾರಗಳ ಬಗ್ಗೆ ಒಂದು ಹಸ್ತಪ್ರತಿ ತಯಾರಿಸಿದ. 1807ರಲ್ಲಿ ಈಸ್ಟ್ ಇಂಡಿಯಾ ಕಂಪನಿ ಅದನ್ನು ದುಡ್ಡು ಕೊಟ್ಟು ಕೊಂಡಿತು. 1816ರಲ್ಲಿ ಇಂಗ್ಲಿಷಿನಲ್ಲಿ ಪುಸ್ತಕವಾಯಿತು. ಅದರ ಬಹುಪಾಲು ಕೂರ್ದೂ ಎಂಬ ಇನ್ನೊಬ್ಬ ಪಾದ್ರಿಯ ಬರಹದಿಂದ ತೆಗೆದದ್ದು ಅಂತ ವಿದ್ವಾಂಸರು ತೋರಿಸಿಕೊಟ್ಟದ್ದು ಇಪ್ಪತ್ತನೆಯ ಶತಮಾನದಲ್ಲಿ. ಅಷ್ಟರಲ್ಲಿ ಆಗಬೇಕಾದದ್ದು ಆಗಿಹೋಗಿತ್ತು. ಆಳುವವರ ಕಣ್ಣಿಗೆ ನಾವು ಜನರಾಗಿ ಉಳಿಯಲಿಲ್ಲ, ನಮೂನೆಗಳಾದೆವು.

ಆಮೇಲೆ ಕ್ಯಾಮೆರಾ ಬಂತು. 1868ರಿಂದ 1875ರವರೆಗೆ 'ದಿ ಪೀಪಲ್ ಆಫ್ ಇಂಡಿಯಾ' ಎಂಟು ಸಂಪುಟಗಳಲ್ಲಿ ಹೊರಬಿತ್ತು. ಒಂದೊಂದು ಜಾತಿಗೆ, ಒಂದೊಂದು ಬುಡಕಟ್ಟಿಗೆ ಒಂದೊಂದು ಫೋಟೋ. 1869ರಲ್ಲಿ ಲ್ಯಾಂಪ್ರಿ ಎಂಬಾತ ಹೊಸದೊಂದು ಉಪಾಯ ಹೇಳಿಕೊಟ್ಟ. ಎರಡೆರಡು ಅಂಗುಲದ ಚೌಕಗಳಾಗುವಂತೆ ದಾರ ಬಿಗಿದು, ಅದರ ಮುಂದೆ ಮನುಷ್ಯನನ್ನು ಬೆತ್ತಲೆ ನಿಲ್ಲಿಸಿ ಫೋಟೋ ತೆಗೆದರೆ ಮೈಯ ಅಳತೆ ತಾನೇ ಸಿಗುತ್ತದೆ! ಮದ್ರಾಸ್ ಮ್ಯೂಸಿಯಮ್ಮಿನ ಎಡ್ಗರ್ ಥರ್ಸ್‌ಟನ್ ಅಳತೆಯ ಕೈವಾರ ಹಿಡಿದು ದಕ್ಷಿಣವನ್ನೆಲ್ಲ ಸುತ್ತಿದ. 1909ರಲ್ಲಿ ಏಳು ಸಂಪುಟ ತಂದ. ವಯನಾಡಿನ ಪಣಿಯ ಹೆಂಗಸರು ಅವನನ್ನು ಕಂಡು ಹೆದರಿದರಂತೆ, ತಮ್ಮಲ್ಲಿ ಮೈಕಟ್ಟು ಚೆನ್ನಾಗಿರುವವರನ್ನು ಹಿಡಿದು ಹೊಟ್ಟೆಗೆ ಹುಲ್ಲು ತುಂಬಿ ಮ್ಯೂಸಿಯಮ್ಮಿನಲ್ಲಿ ನಿಲ್ಲಿಸುತ್ತಾನೆ ಅಂತ. ಥರ್ಸ್‌ಟನ್ ಇದನ್ನು ತಮಾಷೆಯಾಗಿ ಬರೆದುಕೊಂಡಿದ್ದಾನೆ. ನನಗೆ ಇದು ತಮಾಷೆ ಅನ್ನಿಸುವುದಿಲ್ಲ. ಆ ಹೆಂಗಸರು ಹೇಳಿದ್ದು ಸರಿಯಾಗಿಯೇ ಇತ್ತು. ಹುಲ್ಲು ತುಂಬುವ ಕೆಲಸವನ್ನು ಅವನು ಕಾಗದದ ಮೇಲೆ ಮಾಡಿದ, ಅಷ್ಟೆ.

ಬನ್ನೂರಿನವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ನಮ್ಮೂರ ಹೆಸರು ಹೊರಗಿನವರಿಗೆ ಗೊತ್ತಿರುವುದೇ ಕುರಿಯಿಂದ. ಬನ್ನೂರು ಕುರಿ ಅಂದರೆ ಗಿಡ್ಡ ಕಾಲು, ಅಗಲ ಬೆನ್ನು. ಕೊಳ್ಳುವವನು ಬೆನ್ನಿನ ಮೇಲೆ ಕೈಯಾಡಿಸಿ, ತೊಡೆ ಹಿಚುಕಿ, ಹಲ್ಲು ನೋಡಿ ತಳಿ ಹೇಳುತ್ತಾನೆ. ಕುರಿಯನ್ನು ನೋಡುವ ಈ ಕಣ್ಣನ್ನೇ ಮನುಷ್ಯರ ಮೇಲೆ ಇಟ್ಟರೆ ಅದಕ್ಕೆ ಜನಾಂಗಶಾಸ್ತ್ರ ಅನ್ನುತ್ತಿದ್ದರು. 1901ರ ಜನಗಣತಿಯ ಮುಖ್ಯಸ್ಥನಾಗಿದ್ದ ರಿಸ್ಲಿಯಂತೂ ಮೂಗು ಅಗಲವಾದಷ್ಟೂ ಜಾತಿ ಕೆಳಗೆ ಅಂತ ಒಂದು ಸೂತ್ರವನ್ನೇ ಕಟ್ಟಿದ್ದ. ನಮ್ಮ ಮೈಸೂರು ಸಂಸ್ಥಾನವೂ ಹಿಂದೆ ಬೀಳಲಿಲ್ಲ. ನಂಜುಂಡಯ್ಯ ಮತ್ತು ಅನಂತಕೃಷ್ಣ ಅಯ್ಯರ್ ಅವರ ಹೆಸರಿನಲ್ಲಿ 1928ರಿಂದ 35ರವರೆಗೆ ನಾಲ್ಕು ಸಂಪುಟಗಳು ಬಂದವು. ಬರೆದವರ ಹೆಸರು ಬದಲಾಯಿತು, ಬರೆಸಿಕೊಂಡವರು ನಾವೇ.

ಈ ಮೂಗಿನ ಲೆಕ್ಕಕ್ಕೆ ಮರ್ಮದ ಉತ್ತರ ಕೊಟ್ಟವರು ಬಾಬಾಸಾಹೇಬರು. 1948ರ 'ದಿ ಅನ್‌ಟಚಬಲ್ಸ್' ಪುಸ್ತಕದಲ್ಲಿ ಅವರು ಅಳತೆ ಸುಳ್ಳು ಅಂತ ಕೂಗಾಡಲಿಲ್ಲ. ಅದೇ ಮೂಗಿನ ಅಂಕಿಗಳನ್ನು ಎತ್ತಿಕೊಂಡು ಸಾಲಾಗಿ ಜೋಡಿಸಿದರು. ಒಂದು ಪ್ರಾಂತ್ಯದ ಬ್ರಾಹ್ಮಣನ ಮೂಗಿಗೂ ಇನ್ನೊಂದು ಪ್ರಾಂತ್ಯದ ಅಸ್ಪೃಶ್ಯನ ಮೂಗಿಗೂ ವ್ಯತ್ಯಾಸ ಇಲ್ಲ ಅಂತ ತೋರಿಸಿದರು. ನಿಮ್ಮ ಅಳತೆ ನಿಜವಾದರೆ ಅಸ್ಪೃಶ್ಯತೆಗೆ ಜನಾಂಗ ಕಾರಣವಲ್ಲ, ಬೇರೆ ಕಾರಣ ಹುಡುಕಿ ಅಂದರು. ಕೈವಾರವನ್ನು ಹಿಡಿದವನ ಕಡೆಗೇ ಅದನ್ನು ತಿರುಗಿಸುವುದು ಅಂದರೆ ಇದು.

4

ಇಷ್ಟು ತಿಳಿದ ಮೇಲೆ ಪುಷ್ಪಮಾಲಾ ಅವರ ತೋಡ ಹೆಂಗಸಿನ ಚಿತ್ರದ ಮುಂದೆ ನಿಲ್ಲಬೇಕು. ಹತ್ತೊಂಬತ್ತನೆಯ ಶತಮಾನದ ಮೈಯಳತೆಯ ಫೋಟೋಗಳ ಮಾದರಿ ಅದು. ಹಿಂದೆ ಚೌಕಳಿ ಪರದೆ. ಮುಂದೆ ನಮೂನೆಯಾಗಿ ನಿಂತಿರುವವಳು ಬೆಂಗಳೂರಿನ ಓದಿದ ಕಲಾವಿದೆ. ನೋಡಿದ ಕೂಡಲೆ ನಗು ಬರುತ್ತದೆ. ನಗು ಬಂದ ಮೇಲೆ ನಾಚಿಕೆಯಾಗುತ್ತದೆ. ಹಳೆಯ ಫೋಟೋವನ್ನು ಶಾಲೆಯ ಪುಸ್ತಕದಲ್ಲಿ ನೋಡಿದಾಗ ನಮಗೆ ಇದು ಕಟ್ಟಿದ್ದು ಅಂತ ಅನ್ನಿಸಿರಲಿಲ್ಲ, "ಅವರು ಇರುವುದೇ ಹಾಗೆ" ಅನ್ನಿಸಿತ್ತು. ಇಲ್ಲಿ ವೇಷ ವೇಷವೆಂದೇ ಕಾಣುವುದರಿಂದ ಹಳೆಯದೂ ವೇಷವೇ ಆಗಿತ್ತು ಅಂತ ಗೊತ್ತಾಗುತ್ತದೆ. ಬೆತ್ತಲೆ ನಿಲ್ಲಿಸಿದ್ದೂ ಒಂದು ವೇಷ ತೊಡಿಸಿದ್ದೇ.

ಅದೇ ಸರಣಿಯಲ್ಲಿ ರವಿವರ್ಮನ ಬೆಳದಿಂಗಳ ಸುಂದರಿ ಇದ್ದಾಳೆ, ಕ್ಯಾಲೆಂಡರಿನ ಲಕ್ಷ್ಮಿ ಇದ್ದಾಳೆ, ಕಳ್ಳತನದ ಆರೋಪದ ಮೇಲೆ ಸಿಕ್ಕಿಬಿದ್ದ ಇಬ್ಬರು ಹೆಂಗಸರ ಪತ್ರಿಕಾ ಚಿತ್ರವೂ ಇದೆ. ಲಕ್ಷ್ಮಿಗೂ ಕಳ್ಳಿಗೂ ಒಂದೇ ಮುಖ. ಇದು ಸಣ್ಣ ಮಾತಲ್ಲ. ಒಬ್ಬಳನ್ನು ಕಂಡರೆ ಕೈಮುಗಿಯುವುದು, ಇನ್ನೊಬ್ಬಳನ್ನು ಕಂಡರೆ ಮಡಿಲು ಮುಚ್ಚಿಕೊಳ್ಳುವುದು, ಎರಡನ್ನೂ ನಮಗೆ ಕಲಿಸಿದ್ದು ಚಿತ್ರವೇ. 1871ರ ಕಾನೂನು ಇಡೀ ಇಡೀ ಸಮುದಾಯಗಳನ್ನು ಹುಟ್ಟಿನಿಂದಲೇ ಅಪರಾಧಿಗಳು ಅಂತ ಪಟ್ಟಿ ಮಾಡಿತು. 1952ರಲ್ಲಿ ಆ ಪಟ್ಟಿ ರದ್ದಾಯಿತು, ನೋಟ ರದ್ದಾಗಲಿಲ್ಲ. ದಲಿತರಿಗೆ ಪತ್ರಿಕೆಗಳು ಬಹುಕಾಲ ಕೊಟ್ಟದ್ದು ಇನ್ನೊಂದು ನಮೂನೆ. 1993ರಲ್ಲಿ ನಮ್ಮ ನಂಜನಗೂಡು ತಾಲ್ಲೂಕಿನ ಬದನವಾಳಿನಲ್ಲಿ ಮೂವರ ಕೊಲೆಯಾದಾಗ, 2000ದಲ್ಲಿ ಕಂಬಾಲಪಲ್ಲಿಯಲ್ಲಿ ಏಳು ಜನರನ್ನು ಸುಟ್ಟಾಗ ನಮ್ಮ ಮುಖ ಪತ್ರಿಕೆಯಲ್ಲಿ ಬಂತು. ಹೆಣವಾಗಿ ಇಲ್ಲವೇ ಎದೆ ಬಡಿದುಕೊಳ್ಳುವ ಹೆಂಗಸಾಗಿ.

ಈ ಸರಣಿಯಲ್ಲಿ ನಾನು ಹೆಚ್ಚು ಗೌರವಿಸುವುದು ಅದರ ಕೊನೆಯ ಭಾಗವನ್ನು. ಚಿತ್ರ ತಯಾರಾದ ಬಗೆಯನ್ನೇ ಅದರಲ್ಲಿ ಚಿತ್ರವಾಗಿ ತೋರಿಸಿದ್ದಾರೆ. ದೇವತೆ ದೇವತೆಯಾಗುವ ಮುಂಚಿನ ಗಲಾಟೆಯೆಲ್ಲ ಬಯಲಾಗಿದೆ. ಜಾತಿಯ ಬಗ್ಗೆಯೂ ಇಂಥದೊಂದು ಭಾಗ ಬೇಕು. ಜಾತಿಯನ್ನು ಯಾರು ಕಟ್ಟಿದರು, ಪರದೆ ಯಾರು ಹಿಡಿದರು, ದೀಪ ಯಾವ ಕಡೆಯಿಂದ ಬಿಟ್ಟರು ಅಂತ ತೋರಿಸುವ ಭಾಗ.

5

ಇನ್ನು ನನ್ನ ತಕರಾರು. ಪುಷ್ಪಮಾಲಾ ತಮ್ಮ ಕೆಲಸಗಳಿಗಾಗಿ ಒಂದು ಕಲ್ಪಿತ ಸಂಸ್ಥೆಯನ್ನು ಹುಟ್ಟುಹಾಕಿದ್ದಾರೆ. ಅದರ ಹೆಸರು 'ಸೋಂಬೇರಿಕಟ್ಟೆ'. ಒಮ್ಮೊಮ್ಮೆ ಅದು ಫಿಲ್ಮ್ ಕಂಪನಿಯ ಹೆಸರೂ ಆಗುತ್ತದೆ. ದೊಡ್ಡ ದೊಡ್ಡ ಕಲಾಸಂಸ್ಥೆಗಳ ಗತ್ತನ್ನು ಗೇಲಿ ಮಾಡುವ ಒಳ್ಳೆಯ ಹೆಸರು. ಆದರೆ ಅದನ್ನು ಓದಿದಾಗ ನನಗೆ ನಮ್ಮೂರ ಅರಳಿಕಟ್ಟೆ ನೆನಪಾಯಿತು. ಅದೂ ಸೋಂಬೇರಿಕಟ್ಟೆಯೇ. ಸಂಜೆ ಮೇಲೆ ಕೂತು ಎಲೆಅಡಿಕೆ ಹಾಕುತ್ತಿದ್ದವರು ಬೇರೆ. ನಮ್ಮಪ್ಪ ಕೂಲಿ ಕೇಳಲು ಹೋದಾಗ ಕಟ್ಟೆಯ ಕೆಳಗೆ, ಚಪ್ಪಲಿ ಕೈಯಲ್ಲಿ ಹಿಡಿದು ನಿಂತಿರುತ್ತಿದ್ದ. ಸೋಮಾರಿತನಕ್ಕೂ ಜಾತಿ ಇದೆ. ಕಟ್ಟೆಯ ಮೇಲಿನವನು ಸುಮ್ಮನೆ ಕೂತರೆ ಹರಟೆ. ಕೆಳಗಿನವನು ಸುಮ್ಮನೆ ನಿಂತರೆ "ಯಾಕ್ಲಾ, ಗೇಯಕ್ಕಾಗಲ್ವಾ?"

ಕಲಾವಿದೆಯನ್ನು ಹಳಿಯಲು ಇದನ್ನು ಹೇಳುತ್ತಿಲ್ಲ. ಅವರ ಜಾತಿ ಯಾವುದು ಎಂಬುದು ನನ್ನ ಪ್ರಶ್ನೆಯೂ ಅಲ್ಲ. ನನ್ನ ಪ್ರಶ್ನೆ ವೇಷದ್ದು. ತೋಡ ಹೆಂಗಸಿನ ವೇಷವನ್ನು ಸಂಜೆ ಕಳಚಿ ಪೆಟ್ಟಿಗೆಗೆ ಹಾಕಬಹುದು. ಕೈವಾರದ ಮುಂದೆ ನಿಂತಿದ್ದ ಹೆಂಗಸಿಗೆ ಕಳಚಲು ಬೇರೆ ಮೈ ಇರಲಿಲ್ಲ. ವೇಷವೆಲ್ಲ ಆಟ ಎಂಬ ಮಾತು ಆಟ ಮುಗಿಸಿ ಮನೆಗೆ ಹೋಗಬಲ್ಲವರಿಗೆ ಸುಲಭ.

ನಮ್ಮಲ್ಲೇ ವೇಷವನ್ನು ಬದುಕಾಗಿಸಿಕೊಂಡ ಕಲಾವಿದರಿದ್ದಾರೆ. ಹಗಲುವೇಷದವರು. ಪರಿಶಿಷ್ಟರ ಪಟ್ಟಿಯಲ್ಲಿರುವ ಬುಡ್ಗ ಜಂಗಮರು. ಒಂದು ದಿನ ರಾಮ, ಒಂದು ದಿನ ಭೀಮ, ಒಂದು ದಿನ ಹನುಮಂತ ಆಗಿ ಬೀದಿ ಬೀದಿ ಸುತ್ತಿ ಕೊನೆಯ ದಿನ ದವಸ ಎತ್ತುವವರು. ನಾನು ಚಿಕ್ಕವನಿದ್ದಾಗ ಕಂಡದ್ದು: ರಾಮನ ವೇಷಕ್ಕೆ ಕೈ ಮುಗಿದ ದೊಡ್ಡ ಮನೆಯ ಅಮ್ಮನೇ, ಬಣ್ಣ ತೊಳೆದುಕೊಂಡು ಅವನು ದವಸಕ್ಕೆ ಬಂದಾಗ ಮೊರವನ್ನು ಮೇಲೆತ್ತಿ ದೂರದಿಂದ ಸುರಿದಳು. ವೇಷದಲ್ಲಿ ದೇವರು, ವೇಷ ಕಳಚಿದರೆ ಮುಟ್ಟಬಾರದವನು. ಪುಷ್ಪಮಾಲಾ ಅವರ ಕಲೆಯಲ್ಲಿ ಅಪಾಯ ವೇಷದೊಳಗಿದೆ. ಹಗಲುವೇಷದವನಿಗೆ ವೇಷವೇ ಆಸರೆ, ಅಪಾಯ ಇರುವುದು ಅದನ್ನು ಕಳಚಿದಾಗ. ಒಂದೇ ಕಲೆ, ಎರಡು ಮೈ. ಹಗಲುವೇಷಕ್ಕೆ ಜನಪದ ಅಂತಲೂ ಫೋಟೋ ಪರ್ಫಾರ್ಮೆನ್ಸಿಗೆ ಪ್ರಯೋಗ ಅಂತಲೂ ಹೆಸರಿಟ್ಟವರು ಯಾರು ಅಂತ ನಾವು ಕೇಳಲೇಬೇಕು.

ಕನ್ನಡ ಸಿನಿಮಾದಲ್ಲೂ ಈ ಪ್ರಶ್ನೆ ಹಳೆಯದೇ. 1975ರ 'ಚೋಮನ ದುಡಿ'ಯಲ್ಲಿ ಚೋಮನಾಗಿ ವಾಸುದೇವರಾವ್ ರಾಷ್ಟ್ರಪ್ರಶಸ್ತಿ ಪಡೆದರು. ಅಭಿನಯ ದೊಡ್ಡದೇ. ಆದರೆ ಆ ಚಿತ್ರದಲ್ಲಿ ಚೋಮನಿಗೆ ನೋಡಲಿಕ್ಕೆ ಕಣ್ಣಿಲ್ಲ, ನೋಡಿಸಿಕೊಳ್ಳಲಿಕ್ಕೆ ಮೈ ಇದೆ. 2013ರಲ್ಲಿ ನಾಗರಾಜ ಮಂಜುಳೆಯ ಮರಾಠಿ ಚಿತ್ರ 'ಫಂಡ್ರಿ' ಬಂತು. ಹಂದಿ ಹಿಡಿಯುವ ಮನೆಯ ಹುಡುಗ ಕೊನೆಯಲ್ಲಿ ಒಂದು ಕಲ್ಲು ಬೀಸುತ್ತಾನೆ. ಅದು ಸೀದಾ ಕ್ಯಾಮೆರಾದ ಕಡೆಗೆ, ಅಂದರೆ ಕೂತು ನೋಡುತ್ತಿರುವ ನಮ್ಮ ಕಡೆಗೆ ಬರುತ್ತದೆ. ಇಷ್ಟು ಹೊತ್ತು ನೋಡಿಸಿಕೊಂಡವನು ತಿರುಗಿ ನೋಡಿದ್ದು ಹೀಗೆ.

6

ಕ್ಯಾಮೆರಾದಿಂದ ಅಡುಗೆಮನೆಗೆ ಬರುತ್ತೇನೆ. ಇದೂ ಪುಷ್ಪಮಾಲಾ ಅವರೇ ತೋರಿದ ದಾರಿ. 'ರಾಷ್ಟ್ರೀಯ ಖೀರ್' ಕಿರುಚಿತ್ರಕ್ಕೆ ಮೂಲ ಅವರ ತಾಯಿ ಮತ್ತು ಅತ್ತೆಯ ಅಡುಗೆ ಟಿಪ್ಪಣಿ ಪುಸ್ತಕಗಳು. ಸ್ವಾತಂತ್ರ್ಯ ಬಂದ ಹೊಸತರಲ್ಲಿ ಹೊಸ ದೇಶ, ಹೊಸ ಸಂಸಾರ, ಹೊಸ ಅಡುಗೆ ಎಲ್ಲ ಒಟ್ಟಿಗೆ ಕುದಿಯುತ್ತಿದ್ದ ಕಾಲವನ್ನು ಅದು ನಗುತ್ತ ತೋರಿಸುತ್ತದೆ. ದೇಶವೆಂಬುದು ಅಡುಗೆಮನೆಯಲ್ಲೂ ತಯಾರಾಗುತ್ತದೆ ಎಂಬುದು ಅದರ ತಿರುಳು. ಹೌದು, ಆದರೆ ಟಿಪ್ಪಣಿ ಪುಸ್ತಕ ಇದ್ದ ಅಡುಗೆಮನೆ ಯಾವುದು? ನಮ್ಮವ್ವನ ಅಡುಗೆ ಬರೆದಿಡಲು ಅಕ್ಷರವೂ ಇರಲಿಲ್ಲ, ಬರೆದರೆ ಓದಿ ಬಾಯಿ ಚಪ್ಪರಿಸುವವರೂ ಇರಲಿಲ್ಲ. ನಮ್ಮ ತಟ್ಟೆಯಲ್ಲಿದ್ದದ್ದನ್ನು ರಾಷ್ಟ್ರೀಯ ಅನ್ನುವುದಿರಲಿ, ಶಾಲೆಯಲ್ಲಿ ಬಾಯಿಬಿಟ್ಟು ಹೇಳಲೂ ಆಗುತ್ತಿರಲಿಲ್ಲ.

ಈ ಜಾಗದಿಂದ ಬೇರೆಯವರು ಕೆಲಸ ಶುರುಮಾಡಿದ್ದಾರೆ. ಪುಣೆಯ ಕಲಾವಿದೆ ರಾಜ್ಯಶ್ರೀ ಗುಡಿ ದಲಿತ ಆತ್ಮಕತೆಗಳಲ್ಲಿ ಬರುವ ಊಟದ, ಹಸಿವಿನ ಪ್ರಸಂಗಗಳನ್ನು ಎತ್ತಿ ಅಡುಗೆ ಪುಸ್ತಕದ ರೂಪಕ್ಕೆ ತಿರುಗಿಸಿದ್ದಾರೆ. ಶಾಹು ಪಾಟೋಳೆ 2015ರಲ್ಲಿ ಮರಾಠವಾಡದ ದಲಿತರ ಅಡುಗೆಯ ಬಗ್ಗೆ ಒಂದು ಇಡೀ ಪುಸ್ತಕವನ್ನೇ ಬರೆದರು. ಅನ್ನವೇ ಪೂರ್ಣಬ್ರಹ್ಮ ಎಂಬ ಮಾತನ್ನು ಅವರ ಪುಸ್ತಕದ ಹೆಸರು ತಿರುಗಿಸಿ 'ಅಪೂರ್ಣ ಬ್ರಹ್ಮ' ಅನ್ನುತ್ತದೆ.

ಪುಷ್ಪಮಾಲಾ ಅವರೇ ಮುಂದೆ ಅಡುಗೆಯನ್ನು ಬೇರೆ ರೀತಿಯಲ್ಲಿ ಎತ್ತಿಕೊಂಡರು ಎಂಬುದನ್ನೂ ಹೇಳಬೇಕು. 2017ರ ಸೆಪ್ಟೆಂಬರ್ 5ರಂದು ಗೌರಿ ಲಂಕೇಶ್ ಹತ್ಯೆಯಾಯಿತು. ಅದಾದ ಮೇಲೆ ಅವರು 'ಗೌರಿ ಲಂಕೇಶರ ಅರ್ಜೆಂಟ್ ಸಾರು' ಎಂಬ ಪ್ರದರ್ಶನ ಮಾಡಿದರು. ಸತ್ತ ಗೆಳತಿಯನ್ನು ನೆನೆಯಲು ಹಾರ, ಭಾಷಣ ಬಿಟ್ಟು ಸಾರು ಮಾಡುವುದು. ಇಲ್ಲಿ ವೇಷ ತೆಳ್ಳಗಾಗಿದೆ, ನಗುವಿನ ಕೆಳಗೆ ದುಃಖ ಇದೆ. ಕಳೆದುಕೊಂಡದ್ದು ತನ್ನದೇ ಆದಾಗ ಕಲೆ ಬೇರೆಯಾಗುತ್ತದೆ.

7

ಹಾಗಾದರೆ ನಾವು ಇವರಿಂದ ತೆಗೆದುಕೊಳ್ಳುವುದೇನು, ಬಿಡುವುದೇನು? ಕೈಯ ಚಳಕವನ್ನು ತೆಗೆದುಕೊಳ್ಳೋಣ. ಚಿತ್ರ ಕಟ್ಟಿದ್ದು ಅಂತ ತೋರಿಸುವ ಚಳಕ, ಆಳುವವನ ಪರದೆಯ ಮುಂದೆ ನಿಂತೇ ಅವನನ್ನು ಗೇಲಿ ಮಾಡುವ ಚಳಕ. ಬಾಬಾಸಾಹೇಬರು ಅಂಕಿಯಿಂದ ಮಾಡಿದ್ದಕ್ಕೆ ಇದು ಹತ್ತಿರದ್ದೇ. ಅವರ ಸೂಟನ್ನೂ ಹೀಗೆಯೇ ನೋಡಬಹುದು. ಮೈಮೇಲೆ ಏನು ಉಡಬೇಕು, ಎಷ್ಟು ಉಡಬೇಕು ಅಂತ ಊರು ತೀರ್ಮಾನಿಸುತ್ತಿದ್ದ ಜನರ ನಡುವೆ ಒಬ್ಬಾತ ಮೂರು ತುಂಡಿನ ಸೂಟು ತೊಟ್ಟು ಕ್ಯಾಮೆರಾದ ಮುಂದೆ ನಿಂತದ್ದು ಈ ದೇಶದ ಬಹುದೊಡ್ಡ ಪರ್ಫಾರ್ಮೆನ್ಸು. ಅದಕ್ಕೇ ಆ ನೀಲಿ ಸೂಟಿನ ಪ್ರತಿಮೆ ಕಂಡರೆ ಇವತ್ತಿಗೂ ಕೆಲವರ ಕೈಗೆ ಕಲ್ಲು ಬರುತ್ತದೆ.

ಬಿಡಬೇಕಾದದ್ದು, ಎಲ್ಲ ವೇಷವೂ ಸಮ ಎಂಬ ನಂಬಿಕೆಯನ್ನು. ದೇವನೂರರ 'ಕುಸುಮಬಾಲೆ' ಬಂದಾಗ ಅದು ನಂಜನಗೂಡಿನ ಕಡೆಯ ನಾಲಿಗೆಯನ್ನು ಯಾರಿಗೂ ತಿಳಿಹೇಳದೆ, ಬೇರೆ ಬಟ್ಟೆ ತೊಡಿಸದೆ ಹಾಗೇ ಮುಂದಿಟ್ಟಿತು. ಓದುವವನೇ ಹತ್ತಿರ ಬರಬೇಕಾಯಿತು. ರಂಗದ ಮೇಲೆ ಇದೇ ಕೆಲಸವನ್ನು ಕೆ.ಪಿ. ಲಕ್ಷ್ಮಣ ಮತ್ತು ಜಂಗಮ ಕಲೆಕ್ಟಿವ್‌ನವರು ಕೆ.ಬಿ. ಸಿದ್ದಯ್ಯನವರ ಕಾವ್ಯವನ್ನು ಹಿಡಿದು ಮಾಡಿದ್ದಾರೆ. ಅಲ್ಲಿ ಅರೆ, ತಮಟೆ ಅಲಂಕಾರಕ್ಕೆ ಬಂದ ವಾದ್ಯಗಳಲ್ಲ, ಮಾತಾಡುವ ಪಾತ್ರಗಳು. ಕೇರಳದ ಕಣ್ಣೂರಿನ ಕಡೆಯ ಸಾಜನ್ ಮಣಿ ರಬ್ಬರ್ ಹಾಲು ಇಳಿಸುತ್ತಿದ್ದ ಮನೆಯಿಂದ ಬಂದವರು. ತಮ್ಮ ಕಪ್ಪು ಮೈಯನ್ನೇ ಲೇಖನಿ ಮಾಡಿಕೊಂಡು ಗೋಡೆಗಳ ಮೇಲೆ ಬರೆಯುತ್ತಾರೆ. ಇವರು ಯಾರ ವೇಷವನ್ನೂ ಹಾಕುವುದಿಲ್ಲ. ತಮ್ಮ ಮೇಲೆ ಬೇರೆಯವರು ಹಾಕಿದ್ದನ್ನು ಸುಲಿಯುತ್ತಾರೆ.

ಕೊನೆಗೆ ಅಜ್ಜಿಯ ಫೋಟೋ. "ಇದು ನಾನಲ್ಲ" ಅಂತ ಅವಳು ಹೇಳಿದಾಗ ನಾನು ಅದನ್ನು ದುಃಖದ ಮಾತು ಅಂದುಕೊಂಡಿದ್ದೆ. ಈಗ ಹಾಗನ್ನಿಸುವುದಿಲ್ಲ. ಅರ್ಧ ದಿನದ ಕೂಲಿ ಬಿಟ್ಟು, ಸೀರೆ ಎರವಲು ತಂದು, ನಡೆದುಕೊಂಡು ಬನ್ನೂರಿಗೆ ಹೋಗಿ, ಹಂಸದ ಮುಂದೆ ನಿಂತವಳು ಅವಳೇ. ಅವಳನ್ನು ಯಾರೂ ಹಿಡಿದು ನಿಲ್ಲಿಸಲಿಲ್ಲ, ಯಾರೂ ಮೂಗು ಅಳೆಯಲಿಲ್ಲ. ದುಡ್ಡು ಕೊಟ್ಟವಳೂ ಅವಳೇ. ನಮ್ಮ ಕೇರಿಗಳ ಟ್ರಂಕುಗಳಲ್ಲಿ, ಗೋಡೆಯ ಮೊಳೆಗಳಲ್ಲಿ ಇಂಥ ಫೋಟೋಗಳು ಗೆದ್ದಲು ಹಿಡಿಯುತ್ತಿವೆ. ಮೊದಲು ಅವುಗಳನ್ನು ಇಳಿಸಿ, ಒರೆಸಿ, ಹಿಂದೆ ಹೆಸರು ಬರೆಯೋಣ. ನಮ್ಮ ಕಲಾಚರಿತ್ರೆ ಅಲ್ಲಿಂದ ಶುರುವಾಗಲಿ.